ಬೊಗಸೆಗೆ ಬಿದ್ದದ್ದು ಯಾರದು

ಒಂದಾನೊಂದು ಊರಿನಲ್ಲಿ ಒಬ್ಬ ದೊರೆಯಿದ್ದ. ಊರಿನ ಹೆಸರು ಕೇಳಬೇಡಿ. ಅದನ್ನೂ ಯಾರೋ ಗುತ್ತಿಗೆ ಹಿಡಿದು ಹೊತ್ತುಕೊಂಡು ಹೋದರಂತೆ. ಹೂಂ ಅನ್ನಿ. ಹೂಂ ಅನ್ನದವರಿಗೆ ನಾನು ಕತೆ ಹೇಳುವುದಿಲ್ಲ.

ದೊರೆಗೆ ಇದ್ದದ್ದು ಒಂದೇ ಹುಚ್ಚು, ರುಮಾಲು ಸುತ್ತುವ ಹುಚ್ಚು. ಬೆಳಿಗ್ಗೆ ಸುತ್ತಲು ಕೂತರೆ ಸಂಜೆಗೆ ಮುಗಿಯುತ್ತಿತ್ತು. ಸಂಜೆ ಬಿಚ್ಚಲು ಕೂತರೆ ಬೆಳಿಗ್ಗೆಗೆ ಮುಗಿಯುತ್ತಿತ್ತು. ರುಮಾಲು ಅವನ ಎರಡೂ ಕಿವಿ ಮುಚ್ಚಿ ಕುತ್ತಿಗೆವರೆಗೆ ಇಳಿದಿತ್ತು. ಯಾರು ಏನು ಹೇಳಿದರೂ ಅವನಿಗೆ ಕೇಳುತ್ತಿರಲಿಲ್ಲ. ಕೇಳದಿದ್ದ ಮೇಲೆ ಸಿಟ್ಟು ಎಲ್ಲಿಂದ ಬರಬೇಕು? ಬಹಳ ಶಾಂತ ಸ್ವಭಾವದ ದೊರೆ ಅಂತ ಹೆಸರಾಗಿದ್ದ.

ಆ ಊರಲ್ಲಿ ಸೋಮವಾರ ಸಂತೆ. ಸಂತೆ ಅಂದ ಮೇಲೆ ಸುಂಕ ಎತ್ತಬೇಕು. ರುಮಾಲು ಸುತ್ತುವವನಿಗೆ ಕೈಗೆ ಬಿಡುವೆಲ್ಲಿ? ಸುಂಕ ಎತ್ತುವುದನ್ನು ಹರಾಜಿಗೆ ಹಾಕಿದ. ಹತ್ತಾರು ಜನ ಬಂದು ಗಂಟಲು ಹರಿಯುವ ಹಾಗೆ ಸವಾಲು ಕೂಗಿದರು. ದೊರೆಗೆ ಒಂದೂ ಕೇಳಲಿಲ್ಲ. ಗವಿರಂಗಪ್ಪ ಅನ್ನುವವನೊಬ್ಬ ಮಾತ್ರ ಬಾಯಿ ತೆರೆಯಲಿಲ್ಲ. ಒಂದು ಥಾನು ಬಿಳಿ ಬಟ್ಟೆ ಎತ್ತಿ ತೋರಿಸಿದ. ಅದು ದೊರೆಗೆ ಚೆನ್ನಾಗಿ ಕಂಡಿತು. ಗುತ್ತಿಗೆ ಗವಿರಂಗಪ್ಪನಿಗೇ ಆಯಿತು.

ಆ ಊರಲ್ಲಿ ಕರಾರು ಬರೆಯುವ ಪದ್ಧತಿ ಇರಲಿಲ್ಲ. ಬರೆದದ್ದನ್ನು ಗೆದ್ದಲು ತಿನ್ನುತ್ತದೆ ಅಂತ ಕರಾರನ್ನು ತಮಟೆಯ ಮುಂದೆ ಹೇಳುತ್ತಿದ್ದರು. ತಮಟೆ ಅದನ್ನು ತನ್ನ ಚರ್ಮದಲ್ಲಿ ಇಟ್ಟುಕೊಳ್ಳುತ್ತಿತ್ತು. ಮುಂದೆ ತಕರಾರು ಬಂದಾಗ ಊರಿನ ತಳವಾರ ಹುಲ್ಲಿನ ಬೆಂಕಿ ಹಾಕಿ, ತಮಟೆ ಕಾಯಿಸಿ, ಒಂದು ಪೆಟ್ಟು ಕೊಟ್ಟರೆ ಸಾಕು. ಹೇಳಿಸಿಕೊಂಡದ್ದನ್ನು ಹೇಳಿಸಿಕೊಂಡ ಹಾಗೇ ಒಪ್ಪಿಸುತ್ತಿತ್ತು. ನಮ್ಮ ನಿಮ್ಮ ಹಾಗೆ ನಡುವೆ ಒಗ್ಗರಣೆ ಹಾಕುವ ಜಾತಿಯಲ್ಲ ಅದು.

ತಮಟೆಗೆ ಹೇಳಿದ ಕರಾರು ಇಷ್ಟು. ಸಂತೆಯ ರಾಶಿಗೊಂದು ಬೊಗಸೆ ಗವಿರಂಗಪ್ಪನಿಗೆ. ಬೊಗಸೆಗೆ ಬಿದ್ದದ್ದೆಲ್ಲ ಗವಿರಂಗಪ್ಪನದು. ವರ್ಷಕ್ಕೆ ಸಾವಿರ ಮೊಳ ಬಟ್ಟೆ ದೊರೆಗೆ. ತಿಪ್ಪೆರಾಶಿಗೆ ಸುಂಕವಿಲ್ಲ. ಕೊನೆಯ ಮಾತನ್ನು ಗವಿರಂಗಪ್ಪನೇ ಸೇರಿಸಿದ, ತಿಪ್ಪೆಗೆ ಕೈ ಹಾಕಲು ಅವನಿಗೆ ಅಸಹ್ಯ.

ಮೊದಲ ಸಂತೆಯಲ್ಲಿ ಅವನು ತನ್ನ ಕೈಯಲ್ಲೇ ಬೊಗಸೆ ಎತ್ತಿದ. ಅವನದು ಸಣ್ಣ ಕೈ. ಬೆರಳ ಸಂದಿಯಲ್ಲಿ ಅರ್ಧ ರಾಗಿ ಸೋರಿಹೋಯಿತು. ಮನೆಗೆ ಹೋಗಿ ಯೋಚನೆ ಮಾಡಿದ. ತಮಟೆ ಬೊಗಸೆ ಅಂದಿದೆ. ಯಾರ ಬೊಗಸೆ ಅಂತ ಅಂದಿಲ್ಲವಲ್ಲ?

ಊರಾಚೆ ಚಿಕ್ಕಬೋರ ಅನ್ನುವವನಿದ್ದ. ಹೆಸರಿಗೆ ಚಿಕ್ಕ. ಅವನ ಒಂದೊಂದು ಅಂಗೈ ಒಂದೊಂದು ಮೊರದಷ್ಟಿತ್ತು. ಗವಿರಂಗಪ್ಪ ಅವನ ಎರಡು ಕೈಗಳನ್ನು ಗುತ್ತಿಗೆಗೆ ಹಿಡಿದ. ಕೈ ಮಾತ್ರ. ಮಿಕ್ಕ ಮೈಯನ್ನು ನೀನೇ ಇಟ್ಟುಕೋ ಅಂದ. ಚಿಕ್ಕಬೋರ ಪಾಪದವನು. ಮೈ ತನ್ನ ಹತ್ತಿರವೇ ಉಳಿಯಿತಲ್ಲ ಅಂತ ಖುಷಿಪಟ್ಟ.

ಮುಂದಿನ ಸಂತೆಗೆ ಚಿಕ್ಕಬೋರ ಬೊಗಸೆ ಎತ್ತಿದ. ರಾಶಿಗೊಂದು ಬೊಗಸೆ ಎತ್ತಿದ ಮೇಲೆ ರಾಶಿ ಇದ್ದ ಜಾಗದಲ್ಲಿ ಗೋಣಿತಟ್ಟು ಉಳಿಯಿತು. ಅವನ ಹೆಂಡತಿ ಕೆಂಚಮ್ಮ ಅದೇ ಸಂತೆಯಲ್ಲಿ ಅವರೆಕಾಯಿ ಮಾರುತ್ತಿದ್ದಳು. ಅವಳ ರಾಶಿಯಿಂದಲೂ ಎತ್ತಿದ, ಬಿಡುವ ಹಾಗಿರಲಿಲ್ಲ. ಸೋಮವಾರ ಅವಳು ಗಂಡನ ಜೊತೆ ಮಾತಾಡುತ್ತಿರಲಿಲ್ಲ. ಮಂಗಳವಾರದಿಂದ ಮಾತಾಡುತ್ತಿದ್ದಳು.

ಜನ ಅರಮನೆಗೆ ದೂರು ಒಯ್ದರು. ಅವರ ಬಾಯಿ ತೆರೆಯುವುದು, ಮುಚ್ಚುವುದು ದೊರೆಗೆ ಕಂಡಿತು. ಪಾಪ, ಆಕಳಿಸುತ್ತಿದ್ದಾರೆ ಅಂದುಕೊಂಡು ಎಲ್ಲರಿಗೂ ಒಂದೊಂದು ಚಾಪೆ ಕೊಟ್ಟು ಕಳಿಸಿದ. ತಮಟೆಯನ್ನು ಕೇಳಿದರು. ಯಾರ ಬೊಗಸೆ ಅಂತ ನನಗೆ ಹೇಳಿಲ್ಲ ಅಂದಿತು. ಅಲ್ಲಿಗೆ ಮುಗಿಯಿತು.

ಮುಗಿಯಿತು ಅಂದರೆ ಮುಗಿಯುತ್ತದೆಯೇ? ಸುಂಕ ಎತ್ತುವ ಕೈ ಬೆಳೆಯುತ್ತದೆ. ಚಿಕ್ಕಬೋರನ ಕೈ ಸಂತೆಯಿಂದ ಸಂತೆಗೆ ಬೆಳೆಯಿತು. ಮೊರದಷ್ಟಿದ್ದದ್ದು ಜಗುಲಿಯಷ್ಟಾಯಿತು. ಅಷ್ಟು ದೊಡ್ಡ ಕೈಯನ್ನು ಒಬ್ಬನೇ ನೋಡಿಕೊಳ್ಳುವುದು ಗವಿರಂಗಪ್ಪನಿಗೆ ಕಷ್ಟವಾಯಿತು. ಅವನು ಬೆರಳುಗಳನ್ನು ಒಳಗುತ್ತಿಗೆಗೆ ಕೊಟ್ಟ. ಬೆರಳಿಗೊಬ್ಬ ಒಳಗುತ್ತಿಗೆದಾರ. ಯಾವ ಬೆರಳಿಗೆ ಏನು ಅಂಟಿಕೊಳ್ಳುತ್ತದೋ ಅದು ಆ ಬೆರಳಿನವನಿಗೆ. ಅವರು ಬೆರಳಿಗೊಂದು ದಾರ ಕಟ್ಟಿ ತುದಿ ಹಿಡಿದುಕೊಂಡರು. ದಾರ ಎಳೆದರೆ ಬೆರಳು ಮಡಚಬೇಕು, ಬಿಟ್ಟರೆ ಬೆರಳು ಜೋತುಬೀಳಬೇಕು. ಚಿಕ್ಕಬೋರ ನಡೆದರೆ ಹಿಂದೆ ಹತ್ತು ದಾರ, ಹತ್ತು ಜನ. ಬೆನ್ನು ತುರಿಸಿದರೆ ಯಾವ ಬೆರಳಿನವನ ಅಪ್ಪಣೆ ಕೇಳಬೇಕು ಅಂತ ಯೋಚಿಸುವಷ್ಟರಲ್ಲಿ ತುರಿಕೆಯೇ ಹೊರಟುಹೋಗುತ್ತಿತ್ತು.

ಆ ಹೊತ್ತಿಗೆ ಅವನಿಗೆ ಒಂದು ಹೆಣ್ಣುಮಗು ಹುಟ್ಟಿತು.

ನಗಬೇಡಿ. ಇಲ್ಲಿಂದ ಮುಂದೆ ನಗುವಂಥದ್ದು ಕಡಿಮೆ.

ಚಿಕ್ಕಬೋರ ಮಗುವನ್ನು ಎತ್ತಲಿಲ್ಲ. ಎತ್ತಬೇಕು ಅಂತ ಅವನ ಜೀವ ಹೊಡೆದುಕೊಳ್ಳುತ್ತಿತ್ತು. ಆದರೆ ಎರಡು ಕೈ ಸೇರಿಸಿ ಎತ್ತಿದರೆ ಅದು ಬೊಗಸೆ. ಬೊಗಸೆಗೆ ಬಿದ್ದದ್ದೆಲ್ಲ ಗವಿರಂಗಪ್ಪನದು. ಅವನು ಕೈಗಳನ್ನು ಬೆನ್ನ ಹಿಂದೆ ಇಟ್ಟುಕೊಂಡು, ಕುತ್ತಿಗೆ ಚಾಚಿ ಮಗುವನ್ನು ನೋಡುತ್ತಿದ್ದ.

"ನೋಡು, ನೋಡು. ಮುಟ್ಟಬ್ಯಾಡ," ಅನ್ನುತ್ತಿದ್ದಳು ಕೆಂಚಮ್ಮ.

"ನಂಗೆ ಗೊತ್ತಿಲ್ವೇ," ಅನ್ನುತ್ತಿದ್ದ ಅವನು.

ಮಗುವಿಗೆ ಇನ್ನೂ ಹೆಸರಿಟ್ಟಿರಲಿಲ್ಲ. ತಂದೆ ಎತ್ತಿಕೊಂಡು ಕಿವಿಯಲ್ಲಿ ಹೆಸರು ಹೇಳುವುದು ಅವರ ಮನೆಯ ಪದ್ಧತಿ. ಎತ್ತಲಾರದವನು ಹೆಸರು ಹೇಗೆ ಹೇಳಬೇಕು?

ಇತ್ತ ಗವಿರಂಗಪ್ಪ ದೊರೆಗೆ ಬಟ್ಟೆ ಕೊಡಬೇಕಿತ್ತು, ಸಾವಿರ ಮೊಳ. ಯಾರ ಮೊಳ ಅಂತ ತಮಟೆಗೆ ಹೇಳಿರಲಿಲ್ಲ. ಮೊದಲ ವರ್ಷ ತನ್ನ ಮೊಳಕೈಯಲ್ಲಿ ಅಳೆದ. ಎರಡನೆಯ ವರ್ಷ ಹೆಂಡತಿಯ ಮೊಳಕೈಯಲ್ಲಿ ಅಳೆಸಿದ. ಆಮೇಲಿನ ವರ್ಷ ಒಂದು ಕೋತಿ ಹಿಡಿದು ತಂದು ಅಳೆಸಿದ. ರುಮಾಲು ಗಿಡ್ಡವಾಗುತ್ತಾ ಬಂತು. ಕೊನೆಗೆ ಒಂದು ದಿನ ದೊರೆ ಎಷ್ಟು ಎಳೆದು ಸುತ್ತಿದರೂ ಬಲಗಿವಿ ಹೊರಗೆ ಉಳಿಯಿತು.

ಬತ್ತಲೆ ಕಿವಿ. ಅದಕ್ಕೆ ಗಾಳಿ ಹೊಡೆಯಿತು. ಅದಕ್ಕಿಂತ ದೊಡ್ಡ ಕಷ್ಟ, ಅದಕ್ಕೆ ಕೇಳಿಸತೊಡಗಿತು. ದೊರೆಗೆ ಜೀವಮಾನದಲ್ಲಿ ಮೊದಲ ಸಲ ಸಿಟ್ಟು ಬಂತು. ಮುಂದಿನ ಸೋಮವಾರ ಪಲ್ಲಕ್ಕಿ ಹತ್ತಿ ನೇರ ಸಂತೆಗೇ ಬಂದ.

ಸಂತೆಮಾಳದ ನಡುವೆ ಒಂದು ಹುಣಸೆಮರ. ಅದರ ಕೆಳಗೆ ಕೆಂಚಮ್ಮನ ಅವರೆಕಾಯಿ ರಾಶಿ. ಮರದ ಕೊಂಬೆಗೆ ಸೀರೆಯ ಜೋಲಿ ಕಟ್ಟಿ ಅವಳು ಮಗುವನ್ನು ಮಲಗಿಸಿದ್ದಳು. ಚಿಕ್ಕಬೋರ ಕೈ ಬೆನ್ನ ಹಿಂದೆ ಇಟ್ಟುಕೊಂಡು, ಜೋಲಿಯ ಕಡೆ ನೋಡುತ್ತಾ, ತನ್ನ ಸರದಿಗೆ ಕಾಯುತ್ತಿದ್ದ. ಪಲ್ಲಕ್ಕಿ ಅದೇ ಮರದ ನೆರಳಿಗೆ ಬಂದು ಇಳಿಯಿತು. ಗವಿರಂಗಪ್ಪ ಓಡಿಬಂದು ದೊರೆಯ ಬಲಗಡೆ, ಬತ್ತಲೆ ಕಿವಿಗೆ ಅಂಟಿಕೊಂಡ ಹಾಗೆ ನಿಂತ. ಎಡಗಡೆ ನಿಂತವರ ಮಾತು ಮಣ್ಣಿಗೆ ಹೋಗುತ್ತದೆ ಅಂತ ಅವನಿಗೆ ಗೊತ್ತಿತ್ತು.

"ಏನಯ್ಯಾ, ನನ್ನ ಕಿವಿ ಎಲ್ಲಿ?" ಅಂದ ದೊರೆ.

"ಕಿವಿ ಅಲ್ಲೇ ಐತೆ ಬುದ್ಧಿ. ಬಟ್ಟೆ ಮುಗ್ದೋಗೈತೆ."

"ಸಾವಿರ ಮೊಳ ಅಂದಿದ್ದೆ."

"ಸಾವಿರ ಮೊಳವೇ ಕೊಟ್ಟಿವ್ನಿ. ಯಾರ ಮೊಳ ಅಂತ ನೀವು ಕೇಳ್ಳಿಲ್ಲ. ಯಾರ ಬೊಗ್ಸೆ ಅಂತ ಜನ ಕೇಳ್ದಾಗ ನೀವು ಅವ್ರಿಗೆ ಚಾಪೆ ಕೊಟ್ರಿ. ಅವ್ರಿಗೊಂದು ನ್ಯಾಯ, ನಿಮ್ಗೊಂದು ನ್ಯಾಯವಾ?"

ದೊರೆ ಬಲಗಿವಿ ಉಜ್ಜಿಕೊಂಡ. ಒಂದು ಕಿವಿಯಲ್ಲಿ ಕೇಳಿದ್ದಕ್ಕೆ ಅರ್ಧ ಉತ್ತರವೇ ಹೊಳೆಯುತ್ತದೆ. ಅಷ್ಟರಲ್ಲಿ ಮರದ ಮೇಲೆ ಕಿರ್ ಅಂದಿತು.

ಜೋಲಿಯ ಗಂಟು ಬಿಚ್ಚಿಕೊಂಡಿತು.

ಕೆಂಚಮ್ಮ ಎದ್ದಳು. ನಡುವೆ ಪಲ್ಲಕ್ಕಿ ಅಡ್ಡವಿತ್ತು. ಚಿಕ್ಕಬೋರ ಹತ್ತಿರವಿದ್ದ. ಯಾರ ಅಪ್ಪಣೆಯನ್ನೂ ಕೇಳಲಿಲ್ಲ. ಹತ್ತು ದಾರಗಳನ್ನೂ ಹತ್ತು ಜನರನ್ನೂ ಎಳೆದುಕೊಂಡು ಎರಡು ಕೈ ಸೇರಿಸಿ ಒಡ್ಡಿದ. ಮಗು ಅದರೊಳಗೆ ಬಿತ್ತು. ಬಿದ್ದು ಒಂದು ಸಲ ಅತ್ತಿತು. ಆಮೇಲೆ ಅಪ್ಪನ ಕಿರುಬೆರಳನ್ನು ಎರಡೂ ಕೈಯಲ್ಲಿ ತಬ್ಬಿಕೊಂಡು ಸುಮ್ಮನಾಯಿತು.

ಚಿಕ್ಕಬೋರನಿಗೆ ಕಣ್ಣಲ್ಲಿ ನೀರು ಬಂತು. ಮಗು ಬದುಕಿತು ಅಂತಲೂ ಬಂತು, ಮಗು ಹೋಯಿತು ಅಂತಲೂ ಬಂತು.

ಗವಿರಂಗಪ್ಪ ಮಗುವಿನ ಮುಖ ನೋಡಲಿಲ್ಲ. ಮೊಳಕೈ ನೋಡಿದ. ಕೋತಿಯದಕ್ಕಿಂತ ಗಿಡ್ಡ. ಅಂಥ ಮೊಳಕೈಯಲ್ಲಿ ಸಾವಿರ ಮೊಳ ಅಳೆದರೆ ಒಂದು ಪಂಚೆಯ ಬಟ್ಟೆ ಸಾಕು. ಎತ್ತುವುದಕ್ಕೆ ಅಪ್ಪನ ಬೊಗಸೆ, ಕೊಡುವುದಕ್ಕೆ ಮಗಳ ಮೊಳ. ಅವನ ಬಾಯಲ್ಲಿ ನೀರೂರಿತು.

"ಬುದ್ಧಿ, ಬೊಗ್ಸೆಗೆ ಬಿತ್ತು. ನಂದು," ಅಂದ. ಗೋಣಿಚೀಲದ ಬಾಯಿ ಬಿಚ್ಚಿ ಚಿಕ್ಕಬೋರನ ಕೈಕೆಳಗೆ ಹಿಡಿದ. "ಸುರಿ."

"ಸುರಿಯಾಕಿಲ್ಲ," ಅಂದ ಚಿಕ್ಕಬೋರ. ಗುತ್ತಿಗೆಗೆ ಕೈ ಕೊಟ್ಟ ಮೇಲೆ ಅವನು ಇಲ್ಲ ಅಂದದ್ದು ಅದೇ ಮೊದಲು.

"ಕೈ ನಂದು ಕಣಯ್ಯ."

"ಕೈ ನಿಂದೇ. ಬಗ್ಗಬೇಕಾದ್ದು ನನ್ನ ಸೊಂಟ. ಸೊಂಟ ನಂದು."

ಗವಿರಂಗಪ್ಪನಿಗೆ ರೇಗಿತು. ಸೊಂಟ ಗುತ್ತಿಗೆಯಲ್ಲಿ ಸೇರಿರಲಿಲ್ಲ. ತಳವಾರನನ್ನು ಕರೆದು, ತಮಟೆ ಕಾಯಿಸು, ಅದೇ ಹೇಳಲಿ, ಸುರಿಯದಿದ್ದರೆ ಸೆರೆಮನೆಗೆ ಹಾಕಿಸುತ್ತೇನೆ ಅಂದ.

ತಳವಾರನಿಗೂ ಮಕ್ಕಳಿದ್ದರು. ಹಸಿ ಹುಲ್ಲು ಹುಡುಕಿ ತಂದ. ಬೆಂಕಿ ಹತ್ತದಂತೆ ಊದಿದ. ತಮಟೆಯನ್ನು ಎಷ್ಟು ದೂರ ಹಿಡಿಯಬಹುದೋ ಅಷ್ಟು ದೂರ ಹಿಡಿದ. ಒಳ್ಳೆಯ ಮನಸ್ಸಿನಿಂದಲೇ ಮಾಡಿದ. ಆದರೆ ಅವನು ತಡ ಮಾಡಿದಷ್ಟೂ ಚಿಕ್ಕಬೋರನ ಕೈ ಸೋಲುತ್ತಿತ್ತು. ತಮಟೆ ಬೇಗ ಕಾದರೆ ಮಗು ಚೀಲಕ್ಕೆ, ನಿಧಾನವಾಗಿ ಕಾದರೆ ಮಗು ಜಾರಿ ಅದೇ ಚೀಲಕ್ಕೆ. ಕೆಂಚಮ್ಮ ಬೆಂಕಿಯನ್ನೊಮ್ಮೆ ಗಂಡನ ಕೈಯನ್ನೊಮ್ಮೆ ನೋಡುತ್ತಿದ್ದಳು.

ಅಷ್ಟರಲ್ಲಿ ಒಳಗುತ್ತಿಗೆದಾರರು ಶುರು ಮಾಡಿದರು.

"ಮಗು ನನ್ನ ಬೆರಳಿಗೆ ಅಂಟ್ಕೊಂಡದೆ. ನಂದು," ಅಂದ ಕಿರುಬೆರಳಿನವನು.

"ತಲೆ ಇರೋದು ನನ್ನ ಬೆರಳ ಮ್ಯಾಲೆ. ತಲೆ ಇಲ್ದೆ ಮಗು ತಗೊಂಡು ಏನ್ ಮಾಡ್ತೀಯ?" ಅಂದ ಹೆಬ್ಬೆರಳಿನವನು.

ನಡುಬೆರಳಿನವನಿಗೆ ಏನೂ ಅಂಟಿರಲಿಲ್ಲ. ಲಾಭವಿಲ್ಲದ ಗುತ್ತಿಗೆ ನನಗೆ ಬೇಡ ಅಂತ ದಾರ ಬಿಟ್ಟುಬಿಟ್ಟ. ನಡುಬೆರಳು ಜೋತುಬಿತ್ತು. ಬೊಗಸೆಯಲ್ಲಿ ಒಂದು ಸಂದಿ ಬಿತ್ತು. ಅವನು ಬಿಟ್ಟ ಅಂತ ಪಕ್ಕದವನೂ ಬಿಟ್ಟ. ಸಂದಿ ಅಗಲವಾಯಿತು. ಸಂದಿಯ ಕೆಳಗೆ ಚೀಲದ ಬಾಯಿ ಕಾಣಿಸುತ್ತಿತ್ತು. ಚಿಕ್ಕಬೋರ ಬೆರಳುಗಳನ್ನು ತಾನೇ ಎತ್ತಿ ಹಿಡಿಯಲು ನೋಡಿದ. ದಾರದ ಅಭ್ಯಾಸವಾದ ಬೆರಳುಗಳಿಗೆ ತಾವಾಗಿ ನಿಲ್ಲುವುದು ಮರೆತುಹೋಗಿತ್ತು. ಮಗು ಒಂದು ಗೇಣು ಕೆಳಗೆ ಜಾರಿತು.

"ಕೆಂಚೀ," ಅಂದ ಚಿಕ್ಕಬೋರ. "ಬೆರಳು ನಿಲ್ತಾ ಇಲ್ಲ ಕಣೇ."

ಕೆಂಚಮ್ಮ ದೊರೆಯ ಎಡಗಡೆ ಹೋಗಿ, "ಬುದ್ಧಿ, ನನ್ನ ಕೂಸು," ಅಂದಳು. ದೊರೆಗೆ ಕೇಳಲಿಲ್ಲ. ಕಾಲು ಹಿಡಿದಳು. ಕಾಲಿಗೆ ಇರುವೆ ಹತ್ತಿತು ಅಂತ ಕಾಲು ಒದರಿದ. ಬಲಗಡೆ ಹೋಗೋಣ ಅಂದರೆ ಗವಿರಂಗಪ್ಪ ಚೀಲವನ್ನು ಬಾಯಿ ತೆರೆದ ಹಾಗೇ ಬೊಗಸೆಯ ಕೆಳಗೆ ಬಿಟ್ಟು ಬಂದು, ಮತ್ತೆ ಕಿವಿಗೆ ಬಾಗಿಲಾಗಿ ನಿಂತಿದ್ದ.

ಆಗ ತಮಟೆ ಕಾಯಿತು. ತಳವಾರ ತಲೆ ತಗ್ಗಿಸಿ ಒಂದು ಪೆಟ್ಟು ಕೊಟ್ಟ.

"ಬೊಗಸೆಗೆ ಬಿದ್ದದ್ದೆಲ್ಲ ಗವಿರಂಗಪ್ಪನದು," ಅಂದಿತು ತಮಟೆ.

ಕೆಂಚಮ್ಮ ತಮಟೆಯನ್ನು ನೋಡಿದಳು. ಚೀಲವನ್ನು ನೋಡಿದಳು. ದೊರೆಯ ರುಮಾಲನ್ನು ನೋಡಿದಳು. ಬಟ್ಟೆ ಸಾಲದೆ ಬಲಗಡೆ ಬೋಳಾಗಿತ್ತು, ಭಾರವೆಲ್ಲ ಎಡಗಡೆಗೇ ವಾಲಿತ್ತು. ಆ ಭಾರ ಇಳಿಸಿದರೆ ದೊರೆ ಅಂಥ ದೊಡ್ಡ ಆಳೇನಲ್ಲ. ಎಡಗಡೆಗೆ ಅವಳ ಗಂಡನ ಬೊಗಸೆ ಇತ್ತು.

ಅವಳು ಕೂಗಲಿಲ್ಲ. ಬೊಗಸೆಯ ಒಳಗೆ ಬೆರಳು ಮಾಡಿ ತೋರಿಸಿ, ಎರಡು ಕೈ ಅಗಲಿಸಿ ಬಟ್ಟೆ ಅಳೆಯುವವರ ಹಾಗೆ ಮಾಡಿದಳು. ಹರಾಜಿನ ದಿನ ಗವಿರಂಗಪ್ಪ ಮಾಡಿದ್ದೂ ಅದನ್ನೇ. ದೊರೆಗೆ ಬಟ್ಟೆ ಅಂದರೆ ಚೆನ್ನಾಗಿ ಕಾಣುತ್ತದೆ. ಎಲ್ಲಿ, ಎಲ್ಲಿ ಅಂತ ಎದ್ದು ಬೊಗಸೆಯೊಳಗೆ ಬಗ್ಗಿದ. ಮಗುವಿನ ಕೆಳಗೆ ಜೋಲಿಯ ಸೀರೆಯ ತುದಿ ಇತ್ತು. ಇನ್ನಷ್ಟು ಬಗ್ಗಿದ. ರುಮಾಲು ಎಡಕ್ಕೆ ಎಳೆಯಿತು.

ದೊರೆ ಬೊಗಸೆಯೊಳಗೆ, ಮಗುವಿನ ಪಕ್ಕಕ್ಕೆ ಬಿದ್ದ.

ತಮಟೆ ಇನ್ನೂ ಬಿಸಿಯಾಗಿತ್ತು. ಯಾರೂ ಹೊಡೆಯದೆಯೇ, "ಬೊಗಸೆಗೆ ಬಿದ್ದದ್ದೆಲ್ಲ ಗವಿರಂಗಪ್ಪನದು," ಅಂದಿತು.

ದಾರ ಬಿಟ್ಟವರೆಲ್ಲ ಓಡಿಬಂದು ದಾರ ಹಿಡಿದರು. ದೊರೆಯ ಉಂಗುರ ಒಬ್ಬನ ಬೆರಳ ಮೇಲಿತ್ತು, ಮುತ್ತಿನ ಹಾರ ಇನ್ನೊಬ್ಬನ ಬೆರಳ ಮೇಲಿತ್ತು. ಈಗ ಯಾರೂ ಬಿಡುವವರಲ್ಲ. ಹತ್ತು ದಾರ ಬಿಗಿದವು, ಹತ್ತು ಬೆರಳು ಎದ್ದವು. ಸಂದಿ ಮುಚ್ಚಿತು. ಮಗು ಜಾರಿ ಬೀಳುವುದು ತಪ್ಪಿತು. ಚೀಲ ಮಾತ್ರ ಹಾಗೇ ಬಾಯಿ ತೆರೆದುಕೊಂಡಿತ್ತು.

ಗವಿರಂಗಪ್ಪನಿಗೆ ಭೂಮಿ ಮೇಲೆ ಕಾಲು ನಿಲ್ಲಲಿಲ್ಲ. ಕೆಂಚಮ್ಮ ಅವನ ಹತ್ತಿರ ಹೋಗಿ ಮೆಲ್ಲಗೆ ಕೇಳಿದಳು.

"ಗವಿರಂಗಪ್ನೋರೇ, ದೊರೆ ಈಗ ಯಾರೋನು?"

"ನನ್ನೋನು."

"ದೊರೆ ಹತ್ರ ಇರೋದೆಲ್ಲ?"

"ನಂದೇ."

"ದೊರೆ ಕೊಟ್ಟ ಮಾತು?"

"ಅದೂ ನಂದೇ ಕಣಮ್ಮ."

"ಹಂಗಾದ್ರೆ ಗುತ್ತಿಗೆ ಕೊಟ್ಟೋರೂ ನೀವೇ, ತಗೊಂಡೋರೂ ನೀವೇ. ತನಗೆ ತಾನೇ ಗುತ್ತಿಗೆ ಕೊಟ್ಕೊಂಡೋರು ಎಲ್ಲಾರ ಉಂಟಾ? ತಮಟೇನೇ ಹೇಳ್ಲಿ."

"ಹಂಗೆಲ್ಲೂ ಇಲ್ಲ," ಅಂದಿತು ತಮಟೆ. "ಗುತ್ತಿಗೆ ಇಲ್ಲ."

"ಇಲ್ಲಾಂದ್ರೆ ನಾನು ಇವನ ಸ್ವತ್ತಲ್ಲ. ನಾನು ದೊರೆ," ಅಂದ ದೊರೆ, ಬೊಗಸೆಯೊಳಗಿಂದ.

"ದೊರೆ ದೊರೆಯೇ ಆದ್ರೆ ಕೊಟ್ಟೋನು ಬ್ಯಾರೆ, ತಗೊಂಡೋನು ಬ್ಯಾರೆ," ಅಂದಿತು ತಮಟೆ. "ಗುತ್ತಿಗೆ ಐತೆ."

"ಐತೆ ಅಂದ್ರೆ ಬೊಗ್ಸೆಗೆ ಬಿದ್ದ ದೊರೆ ನನ್ನೋನೇ," ಅಂದ ಗವಿರಂಗಪ್ಪ.

"ನಿನ್ನೋನೇ ಆದ್ರೆ ಗುತ್ತಿಗೆ ಇಲ್ಲ," ಅಂದಿತು ತಮಟೆ.

ಐತೆ. ಇಲ್ಲ. ಐತೆ. ಇಲ್ಲ. ತಮಟೆಗೆ ನಿಲ್ಲಿಸಲು ಬರಲಿಲ್ಲ. ದೊರೆಯೂ ಗವಿರಂಗಪ್ಪನೂ ಬಾಯಿ ಹಾಕುವುದು, ಅದು ಹೇಳುವುದು. ಬರಬರುತ್ತಾ ಅವರ ಮಾತೂ ಬೇಕಾಗಲಿಲ್ಲ. ಐತೆ, ಇಲ್ಲ, ಐತೆ, ಇಲ್ಲ ಅಂತ ಬಡಿತ ಬಿಗಿಯಾಯಿತು.

ಕೆಂಚಮ್ಮ ಬೊಗಸೆಯ ಪಕ್ಕ ಹೋಗಿ ನಿಂತಳು. ಇಲ್ಲ ಅನ್ನುವಾಗ ಮಗು ಅವಳದು. ಐತೆ ಅನ್ನುವಾಗ ಮಗು ಸುಂಕ. ಐತೆ ಅನ್ನುವಾಗ ಕೈ ಹಾಕಿದರೆ ಸುಂಕದ ಕಳ್ಳಿ, ತಾಯಿ ಸೆರೆಮನೆಗೆ, ಮಗು ಚೀಲಕ್ಕೆ. ನಡುವೆ ಇರುವುದು ಕಣ್ಣು ಮಿಟುಕಿಸುವಷ್ಟು ಹೊತ್ತು.

ಭತ್ತ ಕುಟ್ಟುವುದನ್ನು ನೀವು ನೋಡಿದ್ದೀರಿ. ಇಬ್ಬರು ಎದುರುಬದುರು ನಿಂತು ಒನಕೆ ಹಾಕುತ್ತಿರುತ್ತಾರೆ. ಮೂರನೆಯವಳು ಒರಳಿಗೆ ಕೈ ಹಾಕಿ ಕಾಳು ತಿರುವುತ್ತಿರುತ್ತಾಳೆ. ಒಂದು ಒನಕೆ ಏಳಬೇಕು, ಇನ್ನೊಂದು ಬೀಳಬೇಕು, ಆ ನಡುವೆ ಕೈ ಹೋಗಿ ಬರಬೇಕು. ಕೆಂಚಮ್ಮ ಚಿಕ್ಕಂದಿನಿಂದ ಆ ಮೂರನೆಯವಳೇ. ಅವಳು ಕಣ್ಣು ಮುಚ್ಚಿದಳು. ಬಡಿತ ಕೇಳಿದಳು. ಐತೆ. ಇಲ್ಲ. ಐತೆ.

ಇಲ್ಲ ಅನ್ನುವಷ್ಟರಲ್ಲಿ ಕೈ ಹಾಕಿ ಮಗುವನ್ನು ಎತ್ತಿದಳು.

ಮಗು ಬರಲಿಲ್ಲ. ಅಪ್ಪನ ಕಿರುಬೆರಳನ್ನು ಬಿಡಲಿಲ್ಲ ಅದು.

ಇನ್ನು ಒಂದೇ ಕ್ಷಣ, ಐತೆ ಬರುತ್ತದೆ. ಕೆಂಚಮ್ಮ ಬಲವೆಲ್ಲ ಹಾಕಿ ಎಳೆದಳು. ಅವಳು ಮಗುವನ್ನು ಎಳೆದಳು, ಮಗು ಕಿರುಬೆರಳನ್ನು ಎಳೆಯಿತು. ಕಿರುಬೆರಳು ಕೈಯನ್ನು ಎಳೆಯಿತು, ಕೈ ಚಿಕ್ಕಬೋರನನ್ನು ಎಳೆಯಿತು. ಹತ್ತು ದಾರ ಪಟಪಟ ಹರಿದವು. ಎರಡು ಕೈ ಬೇರೆಯಾದವು. ಬೊಗಸೆ ಬೊಗಸೆಯಾಗಿ ಉಳಿಯಲಿಲ್ಲ. ದೊರೆ ಕೆಳಗೆ ಬಿದ್ದ. ಕೆಳಗೆ ಗವಿರಂಗಪ್ಪನ ಚೀಲ ಬಾಯಿ ತೆರೆದುಕೊಂಡೇ ಇತ್ತು.

"ನನ್ನ ಬೆರಳು," ಅಂತ ಕಿರುಬೆರಳಿನವನು ಓಡಿಬಂದ.

"ನೋಡಣ್ಣ," ಅಂದಳು ಕೆಂಚಮ್ಮ. ಅವಳ ಉಸಿರು ಇನ್ನೂ ಮೇಲೆ ಕೆಳಗೆ ಆಗುತ್ತಿತ್ತು. "ಈ ಬೆರಳ್ನ ಹಿಡ್ಕೊಂಡಿರೋರು ಯಾರು? ನನ್ನ ಮಗಳೂ ಒಂದು ಹಿಡಿ ಸುಂಕ ಎತ್ತವ್ಳೆ. ಬಿಡ್ಸೋ ಹಂಗಿದ್ರೆ ಬಿಡ್ಸು."

ಅವನು ಬಿಡಿಸಲು ನೋಡಿದ. ಮಗು ಅವನ ಮುಖ ನೋಡಿ ನಕ್ಕಿತು, ಹಿಡಿ ಬಿಡಲಿಲ್ಲ. ಕಿರುಬೆರಳು ಹೋದ ಮೇಲೆ ಮಿಕ್ಕ ಬೆರಳು ಇಟ್ಟುಕೊಂಡು ಬೊಗಸೆ ಆಗುತ್ತದೆಯೇ? ಸೋರುತ್ತದೆ. ಸೋರುವ ಕೈ ಯಾರಿಗೂ ಬೇಡವಾಯಿತು. ಒಬ್ಬೊಬ್ಬರಾಗಿ ದಾರದ ತುಂಡು ಸುತ್ತಿಕೊಂಡು ಮನೆಗೆ ಹೋದರು.

ಚಿಕ್ಕಬೋರ ತನ್ನ ಎರಡು ಕೈ ಮುಂದೆ ಹಿಡಿದು ನೋಡಿಕೊಂಡ. ಬಹಳ ದಿನದ ಮೇಲೆ ಊರಿಗೆ ಬಂದವರನ್ನು ನೋಡುವ ಹಾಗೆ ನೋಡಿದ. ಆಮೇಲೆ ಅಲ್ಲೇ ಸಂತೆಮಾಳದಲ್ಲಿ, ಎಲ್ಲರ ಎದುರಿಗೆ, ಕೈ ಸೇರಿಸಿ ಒಡ್ಡಿದ.

"ತಾ," ಅಂದ ಹೆಂಡತಿಗೆ. ಅದು ಸೋಮವಾರ. ಆದರೂ ಕೆಂಚಮ್ಮ ಮಾತಾಡಿದಳು. "ತಗೋ. ಹುಷಾರು," ಅಂದಳು.

ಅವನು ಮಗುವನ್ನು ಬಾಯಿಯವರೆಗೆ ಎತ್ತಿಕೊಂಡು ಅದರ ಕಿವಿಯಲ್ಲಿ ಹೆಸರು ಹೇಳಿದ. ತಿಪ್ಪಮ್ಮ. ಯಾವ ಕಾಲಕ್ಕೂ, ಯಾರ ಕರಾರಿಗೂ, ಸುಂಕವಿಲ್ಲದ ಹೆಸರು. ಕೇಳಿದ ಸಂತೆಯವರೆಲ್ಲ ಅಂದಿನಿಂದ ತಮ್ಮ ಮಕ್ಕಳಿಗೂ ಅದೇ ಹೆಸರಿಡತೊಡಗಿದರು. ಆ ಊರಲ್ಲಿ ತಿಪ್ಪಮ್ಮ, ತಿಪ್ಪಣ್ಣ, ತಿಪ್ಪಯ್ಯ ಅಂತ ಕೂಗಿದರೆ ಇಡೀ ಊರು ಹೂಂ ಅನ್ನುತ್ತದೆ.

ದೊರೆಯೂ ಗವಿರಂಗಪ್ಪನೂ ಏನಾದರು ಅಂತೀರಾ? ದೊರೆ ಚೀಲದಲ್ಲಿದ್ದಾನೆ, ಗವಿರಂಗಪ್ಪ ಚೀಲದ ಬಾಯಿ ಹಿಡಿದುಕೊಂಡಿದ್ದಾನೆ. ಐತೆ ಅಂದಾಗ ಚೀಲ ಕಟ್ಟುತ್ತಾನೆ, ಇಲ್ಲ ಅಂದಾಗ ಬಿಚ್ಚುತ್ತಾನೆ. ತಮಟೆ ಆರುವವರೆಗೆ ತೀರ್ಮಾನವಿಲ್ಲ. ತಮಟೆ ಆರದಂತೆ ಇಬ್ಬರೂ ಸರದಿಯ ಮೇಲೆ ಬೆಂಕಿಗೆ ಹುಲ್ಲು ಹಾಕುತ್ತಿದ್ದಾರೆ. ಆರಿದರೆ ತನ್ನ ಸರದಿ ತಪ್ಪಿಹೋದೀತು ಅಂತ ಇಬ್ಬರಿಗೂ ಭಯ.

ಈ ಕತೆಯಿಂದ ನಾವು ತಿಳಿಯಬೇಕಾದ ನೀತಿ ಏನೆಂದರೆ, ರುಮಾಲನ್ನು ಕಿವಿಯ ಮೇಲಕ್ಕೆ ಕಟ್ಟಬೇಕು, ಜೋಲಿಯ ಗಂಟನ್ನು ಎರಡು ಸಲ ನೋಡಬೇಕು. ಅಷ್ಟೇ. ಇನ್ನೇನಾದರೂ ಹೊಳೆದಿದ್ದರೆ ಅದು ನಿಮ್ಮದು, ಅದಕ್ಕೆ ನಾನು ಜವಾಬ್ದಾರನಲ್ಲ.

ಕತೆ ನನ್ನ ಬೊಗಸೆಯಲ್ಲಿತ್ತು, ಈಗ ನಿಮ್ಮ ಬೊಗಸೆಗೆ ಬಿತ್ತು. ಬೆರಳ ಸಂದಿ ಮುಚ್ಚಿ ಹಿಡಿದು ಮನೆಗೆ ಹೋಗಿ. ದಾರಿಯಲ್ಲಿ ಯಾರಾದರೂ ಸುಂಕ ಕೇಳಿದರೆ, ತಿಪ್ಪಮ್ಮನ ಕಡೆಯವರು ಅನ್ನಿ.